ಸಂಬಳವಿಲ್ಲದ ಹಾಜರಿ

ಕಾಲವನ್ನು ಕುರಿತ ಕಲೆ ಎಂದರೆ ನನಗೆ ಮೊದಲಿನಿಂದಲೂ ಸ್ವಲ್ಪ ಅನುಮಾನ. ಕರಗುವ ಗಡಿಯಾರ, ಮುಳ್ಳಿಲ್ಲದ ಗಡಿಯಾರ, ಉದುರುವ ಮರಳು. ನೋಡಿದ ಕೂಡಲೇ ‘ಓಹೋ, ಕಾಲ’ ಎಂದು ತಲೆಯಾಡಿಸಿ ಮುಂದಿನ ಗೋಡೆಗೆ ಹೋಗಿಬಿಡಬಹುದು. ಟೆಚಿಂಗ್ ಷಿಯೆಯ ಆರು ನಿಮಿಷದ ಚಿತ್ರವನ್ನು ಹಾಸ್ಟೆಲಿನಲ್ಲಿ ಕೂತು ನೋಡಿದಾಗ ಹಾಗೆ ಮುಂದೆ ಹೋಗಲಾಗಲಿಲ್ಲ. ಸಮವಸ್ತ್ರ ತೊಟ್ಟ ಒಬ್ಬ ಮನುಷ್ಯ, ಪಕ್ಕದಲ್ಲಿ ಕಾರ್ಖಾನೆಗಳಲ್ಲಿ ಕಾರ್ಡ್ ಪಂಚ್ ಮಾಡುವ ಗಡಿಯಾರ. ಮುಳ್ಳುಗಳು ಗಿರಗಿರ ತಿರುಗುತ್ತವೆ, ಅವನ ಮೈ ನಡುಗಿದಂತೆ ಕಾಣುತ್ತದೆ, ಬೋಳುತಲೆಯಲ್ಲಿ ಕೂದಲು ಬೆಳೆದು ಹೆಗಲು ಮುಟ್ಟುತ್ತದೆ. ಅಷ್ಟೇ. ಕೃತಿಯನ್ನು ನಾನು ಗ್ಯಾಲರಿಯಲ್ಲಿ ಕಂಡಿಲ್ಲ. ಈ ಚಿತ್ರ, ಫೋಟೊಗಳು ಮತ್ತು ಓದಿನ ಬಲದ ಮೇಲೆ ಬರೆಯುತ್ತಿದ್ದೇನೆ.

1980ರ ಏಪ್ರಿಲ್ 11ರ ಸಂಜೆ ಏಳಕ್ಕೆ ನ್ಯೂಯಾರ್ಕಿನ ತನ್ನ ಸ್ಟುಡಿಯೋದಲ್ಲಿ ಷಿಯೆ ಮೊದಲ ಕಾರ್ಡ್ ಪಂಚ್ ಮಾಡಿದ. ಅಲ್ಲಿಂದ ಒಂದು ವರ್ಷ, ಹಗಲು ರಾತ್ರಿ, ಗಂಟೆಗೊಮ್ಮೆ. ಪಂಚ್ ಮಾಡಿದ ಮೇಲೆ ಕೂಡಲೇ ಆ ಕೋಣೆಯಿಂದ ಹೊರಗೆ ಹೋಗಬೇಕು ಎಂಬುದು ಅವನೇ ಹಾಕಿಕೊಂಡ ಷರತ್ತು. ಪ್ರತಿ ಸಲವೂ ಸಿನಿಮಾ ಕ್ಯಾಮೆರಾದಲ್ಲಿ ಒಂದೇ ಒಂದು ಫ್ರೇಮ್. ದಿನಕ್ಕೆ 24 ಫ್ರೇಮು ಅಂದರೆ ತೆರೆಯ ಮೇಲೆ ಒಂದು ಸೆಕೆಂಡು. ಇಡೀ ಒಂದು ದಿನ, ಅದರ ಊಟ, ಅರೆನಿದ್ದೆ, ಓಡಾಟ ಎಲ್ಲ ಸೇರಿ ಒಂದು ಸೆಕೆಂಡಿಗೆ ಇಳಿಯುತ್ತದೆ. ಆ ನಡುಕಕ್ಕೆ ಕಾರಣ ಇದೇ: ಒಂದೊಂದು ಫ್ರೇಮಿನ ನಡುವೆಯೂ ನಾವು ನೋಡದ ಒಂದೊಂದು ಗಂಟೆ ಇದೆ.

ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಚಿತ್ರಕ್ಕಿಂತ ಹೆಚ್ಚಾಗಿ ಒಂದು ಸಣ್ಣ ಲೆಕ್ಕ. ವರ್ಷಕ್ಕೆ 8,760 ಗಂಟೆ. ಅದರಲ್ಲಿ 133 ಪಂಚ್ ತಪ್ಪಿವೆ. ಷಿಯೆ ಅವನ್ನೂ ಎಣಿಸಿಟ್ಟ: ನಿದ್ದೆ ಹತ್ತಿ ತಪ್ಪಿದ್ದು 94, ತಡವಾದದ್ದು 29, ಮುಂಚೆಯೇ ಹೊಡೆದದ್ದು 10. ಇದರ ಪಕ್ಕದಲ್ಲಿ ಆನ್ ಕವಾರಾನನ್ನು ಇಟ್ಟು ನೋಡಿ. ಆತ 1966ರ ಜನವರಿ 4ರಂದು ಶುರುಮಾಡಿ ನಾಲ್ಕು ದಶಕಕ್ಕೂ ಹೆಚ್ಚು ಕಾಲ ಕ್ಯಾನ್ವಾಸಿನ ಮೇಲೆ ಆಯಾ ದಿನದ ತಾರೀಖನ್ನಷ್ಟೇ ಬರೆದ. ಮಧ್ಯರಾತ್ರಿಯೊಳಗೆ ಮುಗಿಯದಿದ್ದರೆ ಆ ಚಿತ್ರವನ್ನು ನಾಶ ಮಾಡುತ್ತಿದ್ದ. ಹಾಗಾಗಿ ನಮಗೆ ಉಳಿದಿರುವುದು ಗೆದ್ದ ದಿನಗಳು ಮಾತ್ರ. ಕವಾರಾನ ಶಿಸ್ತಿನ ಬಗ್ಗೆ ನನಗೆ ಗೌರವವಿದೆ, ಆದರೆ ಆ ಸಾಲುಸಾಲು ತಾರೀಖುಗಳ ಎದುರು ನಾನು ಸ್ವಲ್ಪ ತಣ್ಣಗಾಗುತ್ತೇನೆ. ಸೋತ ಗಂಟೆ ಷಿಯೆಯಲ್ಲಿ ಅಳಿಸಿಹೋಗುವುದಿಲ್ಲ, ಲೆಕ್ಕದ ಪುಸ್ತಕಕ್ಕೆ ಏರುತ್ತದೆ. 94 ಸಲ ಗೆದ್ದದ್ದು ನಿದ್ದೆ. ಕೃತಿಯಲ್ಲಿ ಮನುಷ್ಯನ ಮೈ ಕಾಣುವುದು ಅಲ್ಲಿ.

2009ರಲ್ಲಿ ನ್ಯೂಯಾರ್ಕಿನ ಗುಗೆನ್‌ಹೈಮ್ ಮ್ಯೂಸಿಯಂ ‘ದಿ ಥರ್ಡ್ ಮೈಂಡ್’ ಎಂಬ ಪ್ರದರ್ಶನದಲ್ಲಿ ಈ ಕೃತಿಯನ್ನು ಇಟ್ಟಿತು. ಅಮೆರಿಕದ ಕಲೆಯ ಮೇಲೆ ಏಷ್ಯಾದ ಚಿಂತನೆಯ ಪ್ರಭಾವ ಆ ಪ್ರದರ್ಶನದ ವಿಷಯ. ಅಲ್ಲಿ ಇಟ್ಟ ಕೂಡಲೇ ಷಿಯೆ ಸನ್ಯಾಸಿಯಾಗಿಬಿಡುತ್ತಾನೆ, ಬೋಳುತಲೆ ಬೇರೆ! ಈ ಓದು ನನಗೆ ಒಪ್ಪಿಗೆಯಿಲ್ಲ. ತೈವಾನಿನ ಷಿಯೆ 1974ರಲ್ಲಿ ಹಡಗಿನ ನೌಕರನಾಗಿ ಅಮೆರಿಕಕ್ಕೆ ಬಂದು, ಹಡಗು ಬಿಟ್ಟು ತಪ್ಪಿಸಿಕೊಂಡವನು. 1988ರಲ್ಲಿ ಕ್ಷಮಾದಾನ ಸಿಗುವ ತನಕ ಕಾಗದಪತ್ರವಿಲ್ಲದೆ ಬದುಕಿದವನು, ಹೋಟೆಲುಗಳಲ್ಲಿ ತಟ್ಟೆ ತೊಳೆದವನು. ಕಾನೂನಿನ ಕಣ್ಣಿನಲ್ಲಿ ಆ ದೇಶದಲ್ಲಿ ಇಲ್ಲವೇ ಇಲ್ಲದ ಮನುಷ್ಯ ಗಂಟೆಗೊಮ್ಮೆ ಹಾಜರಿ ಹಾಕುತ್ತಿದ್ದಾನೆ. ಇದನ್ನು ಧ್ಯಾನ ಎಂದು ಕರೆದರೆ ಅವನ ಸಮವಸ್ತ್ರ ನಮ್ಮ ಕಣ್ಣಿಗೆ ಬಿದ್ದಿಲ್ಲ ಎಂದೇ ಅರ್ಥ. 2017ರ ವೆನಿಸ್ ಬಿನಾಲೆಯಲ್ಲಿ ತೈವಾನ್ ತನ್ನ ಪ್ರದರ್ಶನಕ್ಕೆ ಇಟ್ಟ ಹೆಸರು ‘ಡೂಯಿಂಗ್ ಟೈಮ್’, ಇಂಗ್ಲಿಷಿನಲ್ಲಿ ಜೈಲುಶಿಕ್ಷೆ ಅನುಭವಿಸುವುದಕ್ಕೂ ಇದೇ ಮಾತು. ನಮ್ಮಲ್ಲಿ ‘ಕಾಲ ನೂಕುವುದು’ ಅನ್ನುತ್ತೇವೆ. ನೂಕಬೇಕಾದರೆ ಅದಕ್ಕೆ ಭಾರ ಇರಬೇಕು.

ಈ ಚಿತ್ರವನ್ನು ರಜೆಯಲ್ಲಿ ಅಮ್ಮನಿಗೆ ತೋರಿಸಿದೆ. ಅಮ್ಮ ಹದಿನಾಲ್ಕು ವರ್ಷ ಬೆಂಗಳೂರಿನಲ್ಲಿ ಗಾರ್ಮೆಂಟ್ಸಿಗೆ ಹೋದವಳು, ಕಾರ್ಡ್ ಹೊಡೆಯುವುದು ಅವಳಿಗೆ ಹೊಸದಲ್ಲ. ಪೂರ್ತಿ ನೋಡಿ, “ಹಾಜರಿ ಹಾಕ್ದ, ಸರಿ. ಕೆಲ್ಸ ಏನು? ಸಂಬಳ ಯಾರು ಕೊಟ್ರು?” ಎಂದಳು. ನಾನು ಓದಿದ ಯಾವ ಲೇಖನವೂ ಕೃತಿಯ ಹೊಟ್ಟೆಗೆ ಇಷ್ಟು ನೇರವಾಗಿ ಕೈಹಾಕಿರಲಿಲ್ಲ. ಕೆಲಸ ಇಲ್ಲ, ಸಂಬಳವೂ ಇಲ್ಲ. ದುಡಿಮೆಯಿಂದ ದುಡಿಮೆಯನ್ನೇ ತೆಗೆದುಹಾಕಿದರೆ ಉಳಿಯುವುದು ಹಾಜರಿ. ಷಿಯೆ ಅದನ್ನೇ ಗೋಡೆಗೆ ಹಚ್ಚಿದ. ಇದು ಬೇಕೆಂದೇ ಆರಿಸಿಕೊಂಡ ಕಷ್ಟವಲ್ಲವೇ ಎಂಬ ಆಕ್ಷೇಪ ನನ್ನೊಳಗೂ ಇದೆ. ಅಮ್ಮ ಆರಿಸಿಕೊಂಡಿರಲಿಲ್ಲ, ಐದು ನಿಮಿಷ ತಡವಾದರೆ ಅವಳಿಗೆ ಅರ್ಧ ದಿನದ ಕೂಲಿ ಹೋಗುತ್ತಿತ್ತು. ಷಿಯೆಯ 29 ತಡಗಳಿಗೆ ಯಾರೂ ಏನನ್ನೂ ಕತ್ತರಿಸಲಿಲ್ಲ. ಈ ಅಂತರವನ್ನು ಕೃತಿ ದಾಟುವುದಿಲ್ಲ, ದಾಟಿದೆನೆಂದು ಹೇಳಿಕೊಳ್ಳುವುದೂ ಇಲ್ಲ.

ಲೆಕ್ಕವನ್ನು ಓದಿ ಹೇಳಿದಾಗ ಅಮ್ಮ ನಕ್ಕದ್ದು ಕೊನೆಯ ಹತ್ತಕ್ಕೆ. “ಮುಂಚೆ ಹೊಡೆದಿದ್ನೂ ತಪ್ಪು ಅಂತ ಬರ್ಕೊಂಡ್ನಾ?” ಬಸ್ಸು ಸಿಗದಿದ್ದರೆ ಎಂಬ ಹೆದರಿಕೆಗೆ ಅವಳು ದಿನಾ ಇಪ್ಪತ್ತು ನಿಮಿಷ ಮುಂಚೆ ಹೋಗಿ ಗೇಟಿನ ಹೊರಗೆ ನಿಂತಿರುತ್ತಿದ್ದಳಂತೆ. “ಅದನ್ನ ಯಾರೂ ಬರ್ಕೊಳ್ಳಿಲ್ಲ ಕಣೇ” ಎಂದು ಒಲೆಯ ಕಡೆ ಎದ್ದು ಹೋದಳು.