ಈರುಳ್ಳಿಗೆ ಗುಂಡು ಹೊಡೆಯದಿದ್ದರೆ

ನಮ್ಮ ವೇಮಗಲ್ ಕಡೆ ಆಲೂಗಡ್ಡೆ, ಈರುಳ್ಳಿ, ಕ್ಯಾರೆಟ್ ಮೂರನ್ನೂ ಬೆಳೆಯುತ್ತಾರೆ. ಮೂರರ ಮೇಲೂ ಸಾಲ ಮಾಡುತ್ತಾರೆ. ಹಾಗಾಗಿ 'ಕಪ್‌ಹೆಡ್' ಎನ್ನುವ ವಿಡಿಯೋ ಗೇಮನ್ನು ಮೊದಲ ಸಲ ಆಡಲು ಕೂತಾಗ ನನಗೆ ನಗು ತಡೆಯಲಾಗಲಿಲ್ಲ. ಅದರ ಆರಂಭದ ಶತ್ರುಗಳು ಇವೇ ಮೂರು ತರಕಾರಿಗಳು. ಒಂದಾದ ಮೇಲೊಂದು ಮಣ್ಣಿನಿಂದ ಎದ್ದು ಬರುತ್ತವೆ. ಮೂರೂ ಸಾಲಗಾರರು. ಅವರನ್ನು ಹೊಡೆದು ಸಾಲದ ಪತ್ರ ಕಿತ್ತುಕೊಂಡು ಬರುವುದು ಆಡುವವನ ಕೆಲಸ. ಆ ನಗು ಹೆಚ್ಚು ಹೊತ್ತು ಉಳಿಯಲಿಲ್ಲ. ಯಾಕೆ ಎಂದು ಹೇಳುವುದಕ್ಕೇ ಈ ಬರಹ.

ಗೇಮ್ ಆಡದ ಓದುಗರಿಗಾಗಿ ಎರಡು ಮಾತು. 'ರನ್ ಅಂಡ್ ಗನ್' ಎನ್ನುವುದು ಓಡುತ್ತಾ ಗುಂಡು ಹಾರಿಸುವ ಆಟಗಳ ಜಾತಿ. ಒಂದೊಂದು ಘಟ್ಟದ ಕೊನೆಗೂ ಒಬ್ಬ ದೊಡ್ಡ ಶತ್ರು ಇರುತ್ತಾನೆ, ಅವನೇ 'ಬಾಸ್'. ಕೊನಾಮಿ ಕಂಪನಿಯ 'ಕಾಂಟ್ರಾ' (1987) ಈ ಜಾತಿಯ ಹಿರಿಯಣ್ಣ. ನನ್ನ ವಯಸ್ಸಿನವರು ಅದನ್ನು ಆಡಿದ್ದು ಟಿವಿಗೆ ಸಿಕ್ಕಿಸುವ ಅಗ್ಗದ ನಕಲಿ ಪೆಟ್ಟಿಗೆಗಳಲ್ಲಿ. '9999 ಇನ್ 1' ಎಂದು ಬರೆದಿದ್ದ ಹಳದಿ ಕ್ಯಾಸೆಟ್ಟಿನಲ್ಲಿ ಹತ್ತೋ ಹದಿನೈದೋ ಆಟಗಳು ಬೇರೆ ಬೇರೆ ಹೆಸರಲ್ಲಿ ತಿರುತಿರುಗಿ ಬರುತ್ತಿದ್ದವು. ನನ್ನ ದೊಡ್ಡಪ್ಪನ ಮಗ ಮತ್ತು ನಾನು ಒಂದು ಇಡೀ ಬೇಸಿಗೆ ರಜೆಯನ್ನು ಕಾಂಟ್ರಾದ ಮೊದಲ ಬಾಸ್‌ನ ಮುಂದೆ ಕಳೆದೆವು. ಬಾಸ್ ಅಂದರೆ ಮನುಷ್ಯನಲ್ಲ, ತೋಪುಗಳಿರುವ ಒಂದು ಗೋಡೆ. ಗೋಡೆಗೆ ಮುಖವಿಲ್ಲ, ಹಿಂದುಮುಂದಿನ ಕಥೆಯಿಲ್ಲ. ಹೊಡೆದುರುಳಿಸಿದರೆ ಪಾಪಪ್ರಜ್ಞೆ ಕಾಡುವ ಪ್ರಶ್ನೆಯೇ ಇರಲಿಲ್ಲ.

ಕಪ್‌ಹೆಡ್ ಬಂದದ್ದು ಅದಾಗಿ ಮೂವತ್ತು ವರ್ಷದ ಮೇಲೆ, 2017ರ ಸೆಪ್ಟೆಂಬರ್ 29ರಂದು. ಮಾಡಿದವರು ಕೆನಡಾದ ಚಾಡ್ ಮತ್ತು ಜಾರೆಡ್ ಮೋಲ್ಡನ್‌ಹಾವರ್ ಎಂಬ ಅಣ್ಣತಮ್ಮಂದಿರು. 1930ರ ದಶಕದ ಅಮೆರಿಕನ್ ಕಾರ್ಟೂನುಗಳ ಹಾಗೆ, ರಬ್ಬರಿನಂತೆ ಬಳುಕುವ ಕೈಕಾಲುಗಳ ಪಾತ್ರಗಳನ್ನು ಕೈಯಲ್ಲೇ ಬಿಡಿಸಿ, ಹಿನ್ನೆಲೆಗಳನ್ನು ಜಲವರ್ಣದಲ್ಲಿ ಬಳಿದು, ಜಾಝ್ ಸಂಗೀತ ನುಡಿಸಿ ಕಟ್ಟಿದ ಆಟ ಇದು. ಮೊದಲು ಬಾಸ್ ಕಾಳಗಗಳಷ್ಟೇ ಇರುವ ಆಟವನ್ನು ಮಾಡುವ ಯೋಚನೆ ಅವರದಾಗಿತ್ತು. ಓಡುವ ಘಟ್ಟಗಳು ಆಮೇಲೆ ಸೇರಿದವು, ಅದೂ ಆರೇ ಆರು. ಅಂದರೆ ಬೇರೆ ಆಟಗಳಲ್ಲಿ ಅಧ್ಯಾಯದ ಕೊನೆಗೆ ಬರುವುದೇ ಇಲ್ಲಿ ಇಡೀ ಪುಸ್ತಕ.

ಈ ಆಟದ ಕಷ್ಟ ಪ್ರಸಿದ್ಧವಾದದ್ದು. ಮೂರು ಪ್ರಾಣ, ಮೂರು ಪೆಟ್ಟು ಬಿದ್ದರೆ ಮತ್ತೆ ಮೊದಲಿನಿಂದ. ಕಾಳಗ ಎರಡು ನಿಮಿಷದ್ದು, ಆದರೆ ಆ ಎರಡು ನಿಮಿಷಕ್ಕಾಗಿ ಎರಡು ಸಂಜೆ ಹೋಗುತ್ತವೆ. ಶತ್ರುವಿನ ಪ್ರಾಣ ಎಷ್ಟು ಉಳಿದಿದೆ ಎಂದು ಕಾಳಗದ ನಡುವೆ ತೋರಿಸುವುದಿಲ್ಲ. ಸತ್ತ ಮೇಲೆ ಒಂದು ಗೆರೆ ಬರುತ್ತದೆ. ಗೆರೆಯ ಮೇಲೆ ಅಲ್ಲಲ್ಲಿ ಬಾವುಟಗಳು, ಕೊನೆಯಲ್ಲಿ ಗೆಲುವು. ನಮ್ಮ ಪುಟ್ಟ ಬಟ್ಟಲುತಲೆಯ ಹುಡುಗ ಆ ಗೆರೆಯುದ್ದಕ್ಕೂ ಓಡಿ ಎಲ್ಲೋ ಒಂದು ಕಡೆ ನಿಲ್ಲುತ್ತಾನೆ. ಜೊತೆಗೆ ಬಾಸ್‌ನ ಮುಖ, ಒಂದು ಹಂಗಿಸುವ ಮಾತು. ಈ ಗೆರೆಯೇ ಆಟದ ಜಾಣತನ ಎಂದು ನನಗನ್ನಿಸುತ್ತದೆ. 'ಸೋತೆ' ಎಂದು ಹೇಳುವ ಬದಲು 'ಇಷ್ಟು ಸೋತೆ' ಎಂದು ಅಳತೆ ಕೊಡುತ್ತದೆ. ಅಳತೆ ಸಿಕ್ಕಿದ ಸೋಲು ಆಸೆಯಾಗುತ್ತದೆ. ಇನ್ನೊಂದೇ ಸಲ ಎಂದು ಬೆರಳು ತಾನಾಗಿ ಗುಂಡಿ ಒತ್ತುತ್ತದೆ.

ಹೀಗೆ ಆಡುವಾಗ ನಾವು ಬಾಸ್‌ನನ್ನು ಓದುತ್ತೇವೆ. ಆಲೂಗಡ್ಡೆ ಒಂದೇ ಲಯದಲ್ಲಿ ಮಣ್ಣಿನ ಹೆಂಟೆ ಉಗುಳುತ್ತದೆ, ಸರದಿಯ ಕೊನೆಯಲ್ಲಿ ಗುಲಾಬಿ ಬಣ್ಣದ ಹುಳು. ಗುಲಾಬಿ ಬಣ್ಣದ್ದನ್ನು ಗಾಳಿಯಲ್ಲೇ ತಟ್ಟಿದರೆ ನಮಗೆ ಬಲ. ಕ್ಯಾರೆಟ್ಟಿಗೆ ಹಣೆಗಣ್ಣಿದೆ, ಅದು ಬಿಡುವ ಮರಿ ಕ್ಯಾರೆಟ್ಟುಗಳು ನಮ್ಮನ್ನೇ ಹುಡುಕಿಕೊಂಡು ಬರುತ್ತವೆ. ಹತ್ತು ಸಲ ಸತ್ತವನಿಗೆ ಇದೆಲ್ಲ ಛಂದಸ್ಸಿನ ಹಾಗೆ ಕಿವಿಗೆ ಕೂತುಬಿಡುತ್ತದೆ. ಒಂದು ಕಾಳಗವಂತೂ ನೇರ ರಂಗಮಂಚದ ಮೇಲೇ ನಡೆಯುತ್ತದೆ: ಸ್ಯಾಲಿ ಸ್ಟೇಜ್‌ಪ್ಲೇ ಎಂಬ ನಟಿ, ಅಂಕ ಅಂಕಕ್ಕೂ ಬದಲಾಗುವ ಪರದೆ, ಕೆಳಗೆ ಪ್ರೇಕ್ಷಕರು. ನಮ್ಮ ಬಯಲಾಟಗಳಲ್ಲೂ ರಕ್ಕಸನ ಪ್ರವೇಶಕ್ಕೆ ಸಿಗುವ ಚೆಂಡೆ, ಮದ್ದಳೆ, ಕುಣಿತ, ಕಾಲಾವಕಾಶ ನಾಯಕನಿಗೆ ಸಿಗುವುದಿಲ್ಲ. ಕಪ್‌ಹೆಡ್‌ನಲ್ಲೂ ಹಾಗೆಯೇ. ಬಾಸ್‌ಗಳಿಗೆ ರೂಪ, ಹೆಸರು, ಸಂಗೀತ, ಸಿಟ್ಟು, ಸೊಗಸು ಎಲ್ಲ ಇದೆ. ನಾಯಕನಿಗಿರುವುದು ಒಂದು ಬಟ್ಟಲು, ಒಂದು ಹೀರುಗೊಳವೆ.

ಆದರೆ ಈ ಓದಿನಲ್ಲಿ ಒಂದು ಸಂಗತಿ ಮರೆತುಹೋಗುತ್ತದೆ. ನಾವೇಕೆ ಹೊಡೆಯುತ್ತಿದ್ದೇವೆ? ಆಟದ ಮೊದಲಿಗೇ ಅದನ್ನು ಹೇಳಿದ್ದಾರೆ. ಕಪ್‌ಹೆಡ್ ಮತ್ತು ಅವನ ತಮ್ಮ ಮಗ್‌ಮನ್ ಸೈತಾನನ ಜೂಜುಕಟ್ಟೆಗೆ ಹೋಗಿ, ದಾಳ ಉರುಳಿಸಿ, ತಮ್ಮ ಆತ್ಮಗಳನ್ನೇ ಸೋಲುತ್ತಾರೆ. ಕಾಲಿಗೆ ಬಿದ್ದು ಬೇಡಿಕೊಂಡಾಗ ಸೈತಾನ ಒಂದು ಪಟ್ಟಿ ಕೊಡುತ್ತಾನೆ. ಅವನಿಗೆ ಬಾಕಿ ಉಳಿಸಿಕೊಂಡು ತಲೆಮರೆಸಿಕೊಂಡವರ ಪಟ್ಟಿ ಅದು. ಗಡುವಿನೊಳಗೆ ಅವರೆಲ್ಲರ ಪತ್ರ ತಂದುಕೊಟ್ಟರೆ ನಿಮ್ಮನ್ನು ಬಿಟ್ಟೇನು ಎನ್ನುತ್ತಾನೆ. ಕಪ್‌ಹೆಡ್ ವೀರನಲ್ಲ, ಸಾಲ ವಸೂಲಿಗಾರ. ಅವನ ಕೈಯಲ್ಲಿ ಸಾಯುವವರೆಲ್ಲ ಅವನ ಹಾಗೆಯೇ ಸಿಕ್ಕಿಬಿದ್ದವರು. 'ಸಿಂಪಲ್' ಎಂಬ ಸುಲಭದ ಹಾದಿ ಹಿಡಿದರೆ ಬಾಸ್ ಸೋಲುತ್ತಾನೆ, ಆದರೆ ಪತ್ರ ಸಿಗುವುದಿಲ್ಲ. ಪೂರ್ತಿ ಹಿಂಸೆಗೆ ಮಾತ್ರ ಪೂರ್ತಿ ವಸೂಲಿ.

ಇದನ್ನು ನಾನು ಗಮನಿಸಿದ್ದು ಆಟವನ್ನು ಅರ್ಧ ಮುಗಿಸಿದ ಮೇಲೆ. ನಾಚಿಕೆಯಾಯಿತು. ನಮ್ಮ ಮನೆಗೂ ವಸೂಲಿಗೆ ಬರುತ್ತಿದ್ದರು. ಎರಡನೇ ಬೋರ್‌ವೆಲ್ಲಿನಲ್ಲೂ ನೀರು ಬೀಳದ ವರ್ಷ ಅದು. ಬೈಕಿನ ಸದ್ದು ಕೇಳಿದರೆ ಅಪ್ಪ ಹಿತ್ತಲಿಗೆ ಹೋಗುತ್ತಿದ್ದ, ನಾನು ಬಾಗಿಲಿಗೆ ಬಂದು 'ಅಪ್ಪ ಇಲ್ಲ' ಎನ್ನುತ್ತಿದ್ದೆ. ಬಂದವನು ಹಾರಾಡುತ್ತಿರಲಿಲ್ಲ. ಜಗಲಿ ಮೇಲೆ ಕೂತು ನೀರು ಕೇಳಿ, ಕುಡಿದು, ಹಾಗೇ ಕೂತಿರುತ್ತಿದ್ದ. ಆ ಕೂತಿರುವುದೇ ಊರಿಗೆಲ್ಲ ಕಾಣುತ್ತಿತ್ತು. ಇಂಥ ಕಥೆಗಳು ಎಷ್ಟು ಸಾಮಾನ್ಯವಾದವೆಂದರೆ, 2025ರ ಫೆಬ್ರುವರಿಯಲ್ಲಿ ರಾಜ್ಯ ಸರ್ಕಾರ ಕಿರುಸಾಲ ವಸೂಲಿಯ ಬಲವಂತ ತಡೆಯಲು ಸುಗ್ರೀವಾಜ್ಞೆಯನ್ನೇ ತರಬೇಕಾಯಿತು.

ಕನ್ನಡ ಸಾಹಿತ್ಯದ ವಿದ್ಯಾರ್ಥಿಗಳಿಗೆ ಸಾಲದ ಕಥೆ ಹೊಸದಲ್ಲ. ಕಪ್‌ಹೆಡ್ ಅನುಕರಿಸುವ ಅದೇ ಮೂವತ್ತರ ದಶಕದಲ್ಲಿ, 1933ರಲ್ಲಿ, ಶಿವರಾಮ ಕಾರಂತರ 'ಚೋಮನ ದುಡಿ' ಬಂತು. ಕಾಫಿ ಎಸ್ಟೇಟಿನ ಸಣ್ಣದೊಂದು ಸಾಲ ತೀರಿಸಲು ಚೋಮನ ಮಕ್ಕಳು ಘಟ್ಟ ಹತ್ತುತ್ತಾರೆ. ಸಾಲ ಒಂದು ಸಂಸಾರವನ್ನು ಹೇಗೆ ತಿನ್ನುತ್ತದೆಂದು ನಾವು ಚೋಮನ ಗುಡಿಸಲೊಳಗೆ ಕೂತು ನೋಡುತ್ತೇವೆ. ನಾನು ಓದಿದ ಇಂಥ ಕಥೆಗಳಲ್ಲಿ ಹೆಚ್ಚಿನವು ಸಾಲಗಾರನ ಹೊಸಿಲಿನಿಂದ ಹೇಳಿದವು. ವಸೂಲಿಗೆ ಬಂದವನು ಬಾಗಿಲಲ್ಲಿ ಕಂಡು ಮರೆಯಾಗುತ್ತಾನೆ. ಕಪ್‌ಹೆಡ್ ನಮ್ಮನ್ನು ಆ ಬಾಗಿಲಿನ ಹೊರಗೆ, ಅವನ ಚರ್ಮದೊಳಗೆ ನಿಲ್ಲಿಸುತ್ತದೆ. ಇದು ಆಟದ ರೂಪಕ್ಕೆ ಮಾತ್ರ ಸಾಧ್ಯವಿರುವ ಕೆಲಸ, ಏಕೆಂದರೆ ಗುಂಡಿ ಒತ್ತಿದ ಬೆರಳು ನಮ್ಮದು.

ಹಾಗಾದರೆ ಆಟ ಈ ಅರಿವನ್ನು ನಿಭಾಯಿಸುತ್ತದೆಯೇ? ಕೊನೆಯಲ್ಲಿ ಸೈತಾನ ಪತ್ರಗಳನ್ನು ಕೇಳುತ್ತಾನೆ. ಕೊಟ್ಟರೆ ಅಣ್ಣತಮ್ಮಂದಿರು ಅವನ ಆಳುಗಳಾಗುತ್ತಾರೆ. ಕೊಡುವುದಿಲ್ಲ ಎಂದರೆ ಕೊನೆಯ ಕಾಳಗ. ಗೆದ್ದರೆ ಪತ್ರಗಳೆಲ್ಲ ಸುಟ್ಟು ಬೂದಿ, ದ್ವೀಪದವರೆಲ್ಲ ಸೇರಿ ಸಂಭ್ರಮ. ನನಗೆ ಈ ಮುಕ್ತಾಯ ಅಗ್ಗವೆನಿಸುತ್ತದೆ. ಪಟ್ಟಿಯಲ್ಲಿದ್ದ ಪ್ರತಿಯೊಬ್ಬರನ್ನೂ ಹೊಡೆದಾದ ಮೇಲೆ ಬರುವ 'ಇಲ್ಲ' ಅದು. ಪೆಟ್ಟು ತಿಂದವರು ಒಂದೇ ದೃಶ್ಯದಲ್ಲಿ ಕ್ಷಮಿಸಿಬಿಡುತ್ತಾರೆ. ಮೇಲಾಗಿ, ಬೇಡವೆಂದು ಹೇಳಲೂ ಆಟಕ್ಕೆ ಗೊತ್ತಿರುವುದು ಒಂದೇ ಭಾಷೆ: ಇನ್ನೊಂದು ಬಾಸ್ ಕಾಳಗ.

ಆದರೆ ಇದೇ ಆಟದ ಮೊದಲ ಹೊಲದಲ್ಲಿ ಬೇರೊಂದು ಉತ್ತರವನ್ನು ಹೂತಿಟ್ಟಿದ್ದಾರೆ. ಆಲೂಗಡ್ಡೆ ಸೋತ ಮೇಲೆ ಈರುಳ್ಳಿ ಮೇಲೆ ಬರುತ್ತದಲ್ಲ, ಅದು ತಾನಾಗಿ ಜಗಳಕ್ಕೆ ಬರುವುದಿಲ್ಲ. ನಾವು ಹೊಡೆದರೆ ಅಳುತ್ತದೆ, ಆ ಕಣ್ಣೀರು ಮೇಲಿನಿಂದ ಸುರಿದು ನಮ್ಮನ್ನು ಕೊಲ್ಲುತ್ತದೆ. ಹೊಡೆಯದೆ ಸುಮ್ಮನೆ ನಿಂತರೆ? ಸ್ವಲ್ಪ ಹೊತ್ತು ಕಾದು, ಖುಷಿಯಿಂದ ಹೊರಟುಹೋಗುತ್ತದೆ. ನೂರಾರು ಸಲ ಆಡಿದವರಿಗೂ ಇದು ಗೊತ್ತಿರುವುದಿಲ್ಲ, ಏಕೆಂದರೆ ಗುಂಡಿಯಿಂದ ಬೆರಳು ತೆಗೆಯುವ ಯೋಚನೆ ಈ ಜಾತಿಯ ಆಟದಲ್ಲಿ ಬರುವುದೇ ಇಲ್ಲ. ಓಡುವ ಘಟ್ಟಗಳಲ್ಲಿ ಯಾರನ್ನೂ ಕೊಲ್ಲದೆ ದಾಟಿದವರಿಗೆ 'ಪಿ' ಎಂಬ ಅಂಕ ಉಂಟು. ಬಾಸ್‌ಗಳ ನಡುವೆ ಆ ದಾರಿ ನನಗೆ ಕಂಡದ್ದು ಈ ಈರುಳ್ಳಿಯಲ್ಲಿ ಮಾತ್ರ. ಕರುಣೆ ಪುಕ್ಕಟೆಯೂ ಅಲ್ಲ. ಈರುಳ್ಳಿಯನ್ನು ಬಿಟ್ಟರೆ ಮುಂದೆ ಕ್ಯಾರೆಟ್ಟಿನ ಜೊತೆ ಒಂದು ಮೂಲಂಗಿ ಬುಗುರಿಯ ಹಾಗೆ ತಿರುಗುತ್ತಾ ಬಂದು ಕಾಳಗ ಇನ್ನೂ ಕಷ್ಟವಾಗುತ್ತದೆ. ಮುಕ್ತಾಯದ ಸುಲಭದ ಸಂಭ್ರಮಕ್ಕಿಂತ ಈ ಮೂಲಂಗಿ ನನಗೆ ನಿಜವೆನಿಸುತ್ತದೆ. ಬಿಟ್ಟುಬಿಡುವುದಕ್ಕೆ ಬೆಲೆಯಿದೆ, ಅದನ್ನು ಬಿಟ್ಟವನೇ ತೆರಬೇಕು ಎಂದು ಅದು ಹೇಳುತ್ತದೆ.

ಈ ಆಟ ಮುಗಿಸಲು ಅದನ್ನು ಮಾಡಿದ ಅಣ್ಣತಮ್ಮಂದಿರು ಕೆಲಸ ಬಿಟ್ಟು, ಮನೆಗಳನ್ನು ಅಡವಿಟ್ಟಿದ್ದರು. ಸಾಲದ ಭಯ ಅವರಿಗೆ ಬರಿಯ ಕಥಾವಸ್ತುವಾಗಿರಲಿಲ್ಲ ಎಂದು ಊಹಿಸುತ್ತೇನೆ.

ಕಾಂಟ್ರಾದ ಗೋಡೆಯ ಮುಂದೆ ನನ್ನ ಜೊತೆ ಕೂತಿದ್ದ ದೊಡ್ಡಪ್ಪನ ಮಗ ಈಗ ಒಂದು ಫೈನಾನ್ಸಿನಲ್ಲಿ ಕಲೆಕ್ಷನ್ ಕೆಲಸ ಮಾಡುತ್ತಾನೆ. ವೇಮಗಲ್ಲಿನ ಕೈಗಾರಿಕಾ ಪ್ರದೇಶದ ಫ್ಯಾಕ್ಟರಿಯೊಂದರಲ್ಲಿ ಗುತ್ತಿಗೆ ಮುಗಿದ ಮೇಲೆ ಸಿಕ್ಕಿದ ಕೆಲಸ. ಬೈಕು ಸಾಲದ್ದು, ಆ ಕಂತು ಕಟ್ಟಲು ಬೇರೆಯವರ ಕಂತು ತರಬೇಕು. ವಾರಕ್ಕಿಷ್ಟು ಮನೆ ಎಂದು ಪಟ್ಟಿ. ಹಿಂದೆ ನಮ್ಮ ಜಗಲಿ ಮೇಲೆ ಕೂರುತ್ತಿದ್ದವನ ಮೇಲೆ ನನಗಿದ್ದ ಸಿಟ್ಟನ್ನು ಇವನ ಮೇಲೆ ಹಾಕಲು ಆಗುವುದಿಲ್ಲ. ಹಾಕದೆ ಇರಲೂ ಕಷ್ಟ.

ಕಳೆದ ಹಬ್ಬಕ್ಕೆ ಊರಿಗೆ ಹೋದಾಗ ಲ್ಯಾಪ್‌ಟಾಪಿನಲ್ಲಿ ಅವನಿಗೆ ಈರುಳ್ಳಿಯ ಗುಟ್ಟು ತೋರಿಸಿದೆ. ಇಬ್ಬರೂ ಗುಂಡಿಯಿಂದ ಕೈ ತೆಗೆದು ನೋಡುತ್ತಾ ಕೂತೆವು. ಈರುಳ್ಳಿ ಹೋಯಿತು. ಅವನು ಒಂದು ಕ್ಷಣ ನಕ್ಕು, 'ಇಲ್ಲಿ ಬಿಟ್ರೆ ನಡೀತದೆ ಕಣೋ, ಮೂಲಂಗಿ ಒಂದೇ ಬರ್ತದೆ' ಎಂದ. ಮೂಲಂಗಿ ಬಂತು. ಇಬ್ಬರೂ ಸತ್ತೆವು. ಗೆರೆಯ ಮೇಲೆ ನಮ್ಮ ಹುಡುಗರು ಕೊನೆಯ ಬಾವುಟದ ಹತ್ತಿರ ನಿಂತಿದ್ದರು.

'ಇನ್ನೊಂದ್ಸಲ ಆಡೋಣ,' ಎಂದ, 'ಈರುಳ್ಳಿ ಬಿಟ್ಟೇ ಆಡೋಣ.'