ನಾಗವಲ್ಲಿಯ ನುಡಿ: 'ಆಪ್ತಮಿತ್ರ' ಮತ್ತು ಗಾಥಿಕ್ ಕಥೆಯ ರೂಪಾಂತರ

ಹಳೆಯ ಮನೆ, ಬೀಗ ಜಡಿದ ಕೋಣೆ, ಹಿರಿಯರೆಸಗಿದ ಪಾಪ ಕಿರಿಯರನ್ನು ಕಾಡುವ ಬಗೆ: 1764ರಲ್ಲಿ ಹೊರೇಸ್ ವಾಲ್ಪೋಲನ 'ದಿ ಕ್ಯಾಸಲ್ ಆಫ್ ಒಟ್ರಾಂಟೊ' ಕೃತಿಯಿಂದ ಮೊದಲಾದ ಗಾಥಿಕ್ ಕಥನದ ಮೂಲದ್ರವ್ಯಗಳಿವು. ತೆರೆಯ ಮೇಲೆ ಈ ಪ್ರಕಾರಕ್ಕೆ ಕಿರುಚಿತ್ರವೇ ಹೆಚ್ಚು ಒಗ್ಗಿದೆ. ಎಡ್ಗರ್ ಅಲನ್ ಪೋನ 'ದಿ ಟೆಲ್-ಟೇಲ್ ಹಾರ್ಟ್' ಕಥೆಯನ್ನು ಜೂಲ್ಸ್ ಡಾಸಿನ್ 1941ರಲ್ಲಿ ಸುಮಾರು 20 ನಿಮಿಷಗಳಿಗೆ ಇಳಿಸಿದನು. 1953ರ ವ್ಯಂಗ್ಯಚಿತ್ರಶೈಲಿಯ ರೂಪಾಂತರಕ್ಕೆ 8 ನಿಮಿಷಗಳೇ ಸಾಕಾದವು. ಅಲ್ಲಿ ಭಯ ಹುಟ್ಟುವುದು ಮುಖ್ಯವಾಗಿ ನಿರೂಪಕನ ಧ್ವನಿಯಿಂದ.

ಕನ್ನಡದ 'ಆಪ್ತಮಿತ್ರ' (2004) ಪೂರ್ಣಪ್ರಮಾಣದ ಚಿತ್ರವಾದರೂ ಅದರ ಭಯವೂ ಧ್ವನಿಯಲ್ಲಿಯೇ ಇದೆ. ಮಧು ಮುಟ್ಟಂ ಬರೆದು ಫಾಸಿಲ್ ನಿರ್ದೇಶಿಸಿದ ಮಲಯಾಳದ 'ಮಣಿಚಿತ್ರತ್ತಾಳ್' (1993) ಇದರ ಮೂಲ. ಮೂಲದ ನಾಗವಲ್ಲಿ ತಂಜಾವೂರಿನ ನರ್ತಕಿ. ಅವಳು ಆವರಿಸಿದಾಗ ಗಂಗಾ ತಮಿಳು ನುಡಿಯುತ್ತಾಳೆ. ನಿರ್ದೇಶಕ ಪಿ. ವಾಸು ಕನ್ನಡಕ್ಕೆ ತರುವಾಗ ಆ ಸ್ಥಾನದಲ್ಲಿ ತೆಲುಗನ್ನಿಟ್ಟರು. 2007ರ ಹಿಂದಿ ರೂಪಾಂತರ 'ಭೂಲ್ ಭುಲಯ್ಯಾ' ಬಂಗಾಳಿಯನ್ನು ಆರಿಸಿಕೊಂಡಿತು. ಪ್ರತಿ ರೂಪಾಂತರವೂ ದೆವ್ವಕ್ಕೆ ಪರಭಾಷೆಯೊಂದನ್ನು ಹುಡುಕಿದೆ. ಅರ್ಧ ತಿಳಿದು ಅರ್ಧ ತಿಳಿಯದ ಮಾತಿನಿಂದಲೇ ಭಯ ಹುಟ್ಟಬೇಕೆಂಬುದು ಇದರ ಲೆಕ್ಕಾಚಾರ.

ಈ ಲೆಕ್ಕಾಚಾರ ಬೆಂಗಳೂರು ಗ್ರಾಮಾಂತರ ಜಿಲ್ಲೆಯಲ್ಲಿ ತಪ್ಪುತ್ತದೆ. ಹೊಸಕೋಟೆ, ದೇವನಹಳ್ಳಿ ಸೀಮೆಯ ಅನೇಕ ಮನೆಗಳಲ್ಲಿ ತೆಲುಗು ಪರಭಾಷೆಯಲ್ಲ, ಅಡುಗೆಮನೆಯ ಮಾತು. ಶಾಲೆಯಲ್ಲಿ ಕನ್ನಡ, ಅಜ್ಜಿಯೊಡನೆ ತೆಲುಗು ಎಂದು ಬೆಳೆದ ಪ್ರೇಕ್ಷಕನಿಗೆ ನಾಗವಲ್ಲಿ ಹೊರಗಿನವಳಾಗಿ ಕಾಣಲಾರಳು. ಗಂಗಾಳ ಪಾತ್ರ ವಹಿಸಿದ ಸೌಂದರ್ಯ ಅವರೂ ನೆರೆಯ ಕೋಲಾರ ಜಿಲ್ಲೆಯ ಮುಳಬಾಗಿಲು ಕಡೆಯವರು. ತೆಲುಗು ಚಿತ್ರರಂಗದಲ್ಲಿ ಮೇರುನಟಿಯಾದವರು. (2004ರ ಏಪ್ರಿಲ್‌ನಲ್ಲಿ ಅವರು ವಿಮಾನ ಅಪಘಾತದಲ್ಲಿ ತೀರಿಕೊಂಡರು; ಚಿತ್ರ ತೆರೆಕಂಡದ್ದು ಆಗಸ್ಟ್‌ನಲ್ಲಿ. ಅಗಲಿದವಳನ್ನೇ ದೆವ್ವ ಹಿಡಿದವಳಾಗಿ ನೋಡಬೇಕಾಯಿತು. ಚಿತ್ರಕಥೆ ಊಹಿಸದ ಗಾಥಿಕ್ ನೆರಳಿದು.)

ಹಾಸ್ಯ, ಹಾಡುಗಳ ನಡುವೆ ಚಿತ್ರ ಅನೇಕ ಕಡೆ ಸಡಿಲಗೊಳ್ಳುತ್ತದೆ. ಹೊರಗೆ ಹೋಗಬೇಡವೆಂದು ಗಂಡ ತಡೆದೊಡನೆ ಗಂಗಾ ಮಂಚವನ್ನು ಎತ್ತುವ ದೃಶ್ಯ ಮಾತ್ರ ಬಿಗಿಯಾಗಿ ನಿಲ್ಲುತ್ತದೆ. ಅಲ್ಲಿ ಭಾಷೆ ಬದಲಾಗುವುದು ದೆವ್ವದಿಂದಲ್ಲ, ನಿರಾಕರಣೆಯಿಂದ. ಒಂದು ಭಾಷೆಯಲ್ಲಿ ಕೇಳಿ ಸಿಗದ ಅನುಮತಿಯನ್ನು ಅವಳು ಇನ್ನೊಂದು ಭಾಷೆಯಲ್ಲಿ ಕಸಿದುಕೊಳ್ಳುತ್ತಾಳೆ. ತೆಲುಗು ಬಲ್ಲ ಹೊಸಕೋಟೆಯ ಗೃಹಿಣಿಗೆ ಈ ಮಾತು ಪೂರ್ತಿ ತಿಳಿಯುತ್ತದೆ. ಆದ್ದರಿಂದ ಅವಳ ಮಟ್ಟಿಗೆ ಇದು ಭಯಕ್ಕಿಂತ ದೂರಿನ ದೃಶ್ಯ. ಈ ಸೀಮೆಯಲ್ಲಿ ಕಿರುಚಿತ್ರವೊಂದನ್ನು ಮಾಡಹೊರಟವರಿಗೆ ಈ ಒಂದು ದೃಶ್ಯವೇ ಸಾಕು; ಆದರೆ ನಾಗವಲ್ಲಿ ಅಲ್ಲಿ ಯಾವ ಭಾಷೆಯನ್ನು ಆಡಬೇಕೆಂಬುದನ್ನು ಅವರು ಹೊಸದಾಗಿ ನಿರ್ಧರಿಸಬೇಕಾಗುತ್ತದೆ.