ಅಣ್ಣನ ನೆರಳಲ್ಲಿ ಉಳಿದ ನಿರ್ದೇಶಕ

ಕದ್ದ ಟೋಪಿಗಳನ್ನು ಮಾರುವ ಅಂಗಡಿ. ಗಿರಾಕಿಯೊಬ್ಬ ಬಂದು ಬೆರೆ ಟೋಪಿ ಕೇಳುತ್ತಾನೆ. ಸಾದಾ ಬೆರೆ, ಅದೂ ಫ್ರೆಂಚ್ ಬೆರೆಯೇ ಆಗಬೇಕು. ಅವನು ಪಟ್ಟು ಬಿಡದೆ ಅದನ್ನೇ ಹೇಳುತ್ತ ಹೋದಂತೆ ಆ ಪದ ಟೋಪಿಯ ಹೆಸರಾಗಿ ಉಳಿಯುವುದಿಲ್ಲ, ದೇಶಾಭಿಮಾನದ ಘೋಷಣೆಯಾಗಿಬಿಡುತ್ತದೆ. ಮೂವತ್ತರ ದಶಕದ ಫ್ರಾನ್ಸಿನ ಬಲಪಂಥೀಯ ಆವೇಶವನ್ನು ಇಷ್ಟು ಪುಟ್ಟ ಜಾಗದಲ್ಲಿ ಹಿಡಿದ ಹಾಸ್ಯ ದೃಶ್ಯವನ್ನು ನಾನು ಬೇರೆಲ್ಲೂ ನೋಡಿಲ್ಲ.

ಇದು 1932ರ 'ಲಾಫೇರ್ ಎ ದಾಂ ಲ ಸಾಕ್'. ನಿರ್ದೇಶಕ ಪಿಯೆರ್ ಪ್ರೆವೆರ್. ಬರೆದವನು ಅವನ ಅಣ್ಣ, ಕವಿ ಜಾಕ್ ಪ್ರೆವೆರ್. ಹೊಗಳಿಕೆಯೆಲ್ಲ ಅಣ್ಣನ ಪಾಲಾಯಿತು. ಅದು ಅನ್ಯಾಯ ಎಂದೇ ನನ್ನ ವಾದ.

ಮಾತು ಬಂದ ಹೊಸತರಲ್ಲಿ ಫ್ರೆಂಚ್ ಹಾಸ್ಯಚಿತ್ರಗಳು ಬಹುಪಾಲು ರಂಗನಾಟಕಗಳನ್ನೇ ಕ್ಯಾಮೆರಾ ಮುಂದೆ ಆಡಿಸುತ್ತಿದ್ದವು. ಪಿಯೆರ್ ಹಿಡಿದದ್ದು ಬೇರೆ ದಾರಿ. ಪಾತೆ-ನಾತಾಂ ಕಂಪನಿ ಕೊಟ್ಟದ್ದು ಬೇರೆ ಚಿತ್ರಕ್ಕೆ ಹಾಕಿದ್ದ ಸೆಟ್ಟು ಮತ್ತು ಸುಮಾರು ಒಂದು ವಾರದ ಅವಧಿ. ಆ ಸೆಟ್ಟನ್ನು ನಿಜವಾದ ಬೀದಿಯೆಂದು ನಂಬಿಸಲು ಅವನು ಹೋಗಲೇ ಇಲ್ಲ. ಗೋಡೆ ಬಣ್ಣದ ಹಲಗೆಯಾಗಿಯೇ ಕಾಣುತ್ತದೆ, ನಟರು ಗೊಂಬೆಗಳಂತೆ ಬಿಗಿಯಾಗಿ ನಡೆಯುತ್ತಾರೆ. ಎಲ್ಲವೂ ಕೃತಕವಾದ ಆ ಲೋಕದಲ್ಲಿ ಹುಚ್ಚು ಮಾತೇ ಸಹಜವೆನಿಸುತ್ತದೆ. ಇದು ನಿರ್ದೇಶಕನ ಕೆಲಸ, ಬರಹಗಾರನದಲ್ಲ. ಮುಂದೆ ಮೂಕಾಭಿನಯದ ದೊಡ್ಡ ಗುರುವೆನಿಸಿದ ಎತಿಯೆನ್ ದೆಕ್ರು ಇಲ್ಲಿ ನಟಿಸಿದ್ದಾನೆ. ಮೋರಿಸ್ ಜೋಬೇರ್ ಸಂಗೀತ ಕೊಟ್ಟಿದ್ದಾನೆ.

ಕಥೆಯ ತಿರುಳೂ ಸೊಗಸಾಗಿದೆ. ಮೋಸ ಮಾಡುವುದಕ್ಕೆ ನಾವು ಟೋಪಿ ಹಾಕುವುದು ಎನ್ನುತ್ತೇವಲ್ಲ, ಈ ಅಂಗಡಿಯವರು ಅಕ್ಷರಶಃ ಅದನ್ನೇ ಮಾಡುತ್ತಾರೆ. ಆಮೇಲೆ ಯಾರನ್ನೋ ಅಪಹರಿಸಲು ಹೊರಟು, ಒತ್ತುಕಾಗದ ಮಾರಿ ಕೋಟ್ಯಧಿಪತಿಯಾದ ಮುದುಕನನ್ನೇ ಹೊತ್ತು ತರುತ್ತಾರೆ. ಬದುಕೇ ಬೇಸರವಾಗಿದ್ದ ಆ ಮುದುಕನಿಗೆ ಸೆರೆಯಲ್ಲಿ ಖುಷಿಯೋ ಖುಷಿ! ಪ್ರೇಮಪ್ರಸಂಗ ಮಾತ್ರ ಸಪ್ಪೆ. ಒಂದು ತಾಸೂ ಇಲ್ಲದ ಚಿತ್ರ ಅಲ್ಲಲ್ಲಿ ನಿಂತ ನೀರಾಗುತ್ತದೆ, ಕೆಲವು ನಟರು ಹವ್ಯಾಸಿಗಳೆಂಬುದು ಕಣ್ಣಿಗೆ ಹೊಡೆಯುತ್ತದೆ. ಆದರೂ ಅಂದಿನ ಎಷ್ಟೋ ನಯವಾದ ಚಿತ್ರಗಳಿಗಿಂತ ಇದರಲ್ಲಿ ಜೀವವಿದೆ.

ಅಂದಿನ ಪ್ರೇಕ್ಷಕರು ಒಪ್ಪಲಿಲ್ಲ, ಚಿತ್ರ ಸೋತಿತು. ಮುಂದಿನ ಕಥಾಚಿತ್ರ 'ಅದಿಯೊ ಲೆಯೊನಾರ್' ಬರಲು 1943ರವರೆಗೆ ಕಾಯಬೇಕಾಯಿತು. 1947ರ 'ವ್ವಾಯಾಜ್ ಸುರ್‌ಪ್ರೀಜ್' ಕೂಡ ಕೈಹಿಡಿಯಲಿಲ್ಲ. ಆಮೇಲೆ ಪಿಯೆರ್ ಪ್ಯಾರಿಸ್ಸಿನಲ್ಲಿ ಕ್ಯಾಬರೆ ನಡೆಸಿದ, ಸಾಕ್ಷ್ಯಚಿತ್ರ ಮಾಡಿದ. 1988ರಲ್ಲಿ ತೀರಿಕೊಂಡಾಗ ಅವನ ಹೆಸರಿನಲ್ಲಿದ್ದ ಕಥಾಚಿತ್ರಗಳು ಮೂರೇ ಮೂರು.